ನೂಲುವಿದ್ಯೆ: ಪದೇ ಪದೇ ಕೇಳುವ ಪ್ರಶ್ನೆಗಳು

ಮೂಡಿಗೆರೆ ತಾಲ್ಲೂಕಿನಲ್ಲಿ ಇಲ್ಲದ ಒಂದು ಊರನ್ನು ಇದೆ ಅಂದುಕೊಂಡು ನಾನು ಬರೆಯುತ್ತಿರುವ ಕಥೆಗಳಲ್ಲಿ ಅಣಬೆಯಿಂದ ನಡೆಯುವ ಒಂದು ಮಾಯಾವಿದ್ಯೆ ಬರುತ್ತದೆ. ಓದಿದವರು ಪತ್ರದಲ್ಲಿ, ಫೋನಿನಲ್ಲಿ, ಮದುವೆ ಮನೆಯ ಊಟದ ಪಂಕ್ತಿಯಲ್ಲಿ ಕೇಳಿದ್ದನ್ನೇ ಕೇಳುತ್ತಿರುವುದರಿಂದ ಎಲ್ಲವನ್ನೂ ಒಂದು ಕಡೆ ಬರೆದಿಟ್ಟಿದ್ದೇನೆ. ಪ್ರಶ್ನೆಗಳನ್ನು ಕೇಳಿದವರ ಮಾತಿನಲ್ಲೇ ಬಿಟ್ಟಿದ್ದೇನೆ, ತಿದ್ದಿದರೆ ಅರ್ಧ ರುಚಿ ಹೋಗುತ್ತದೆ. ಯಾವುದು ಕಥೆಯದ್ದು, ಯಾವುದು ನಿಜದ್ದು ಅನ್ನುವುದನ್ನು ಅಲ್ಲಲ್ಲೇ ಹೇಳಿದ್ದೇನೆ.

## ಹೊಸಬರಿಗೆ

ಈ ನೂಲುವಿದ್ಯೆ ಅಂದ್ರೆ ಏನು? ಒಂದೇ ಮಾತಲ್ಲಿ ಹೇಳಿ.

ಕೊಳೆಯುವಂಥದ್ದನ್ನು ಕೊಟ್ಟು ಬೇಕಾದ್ದನ್ನು ಪಡೆಯುವ ವಿದ್ಯೆ.

ಇನ್ನೆರಡು ಮಾತು ಸೇರಿಸಬಹುದಾದರೆ: ಮಳೆಗಾಲದಲ್ಲಿ ಕಾನಿನ ತರಗೆಲೆ ಸರಿಸಿ ನೋಡಿ, ಬಿಳಿ ದಾರದ ಸಿಕ್ಕಿನ ಹಾಗೆ ಏನೋ ಹಬ್ಬಿರುತ್ತದೆ. ಅಣಬೆಯ ಮೈ ಅದೇ. ನಾವು ಅಣಬೆ ಅನ್ನುವುದು ಆ ಮೈ ಬಿಡುವ ಹಣ್ಣು, ವರ್ಷಕ್ಕೆ ನಾಲ್ಕು ದಿನದ್ದು. ಇಷ್ಟು ನಿಜ. ಕಥೆಯಲ್ಲಿ ಆ ದಾರಕ್ಕೆ ಬಿಳಿನೂಲು ಅಂತ ಹೆಸರು, ಅದರ ಜತೆ ವ್ಯವಹಾರ ಇಟ್ಟುಕೊಂಡವರು ನೂಲಿಗರು. ಊರವರು ಅವರ ಎದುರಿಗೆ ನೂಲಿಗರು ಅನ್ನುತ್ತಾರೆ, ಬೆನ್ನ ಹಿಂದೆ ಬೂಷ್ಟಿನವರು ಅನ್ನುತ್ತಾರೆ. ನೂಲಿಗ ಮಾಡುವುದು ಮೂರೇ ಕೆಲಸ. ನೂಲಿಗೆ ಉಣಿಸುತ್ತಾನೆ, ಕಾಯುತ್ತಾನೆ, ಆಮೇಲೆ ಕೇಳುತ್ತಾನೆ. ಮಂತ್ರ, ನಿಂಬೆಹಣ್ಣು, ಕುಂಕುಮ ಯಾವುದೂ ಇಲ್ಲ.

ಇದು ನಿಜವಾಗ್ಲೂ ನಮ್ಮ ಮಲೆನಾಡಲ್ಲಿ ಇತ್ತಾ? ನಮ್ಮಜ್ಜನೂ ಹೀಗೇ ಏನೋ ಮಾಡ್ತಿದ್ರಂತೆ.

ನಿಮ್ಮಜ್ಜ ಏನು ಮಾಡುತ್ತಿದ್ದರೋ ನನಗೆ ಗೊತ್ತಿಲ್ಲ, ಇದನ್ನಂತೂ ಮಾಡುತ್ತಿರಲಿಲ್ಲ. ನಾನು ಕೂತು ಕಟ್ಟಿದ್ದು ಇದು. ಯಾವ ಜನಾಂಗದ ಆಚರಣೆಯನ್ನೂ ಎತ್ತಿ ತಂದಿಲ್ಲ. ಕಾಡಿನ ಜನರ ನಂಬಿಕೆಗೆ ಬಣ್ಣ ಹಚ್ಚಿ ಮಾರುವ ಕಥೆಗಳು ಸಾಕಷ್ಟಿವೆ, ಅದರಲ್ಲಿ ನನ್ನದೊಂದು ಬೇಡ ಅನ್ನಿಸಿತು.

ನಾನು ಕಟ್ಟದೆ ಹಾಗೇ ಎತ್ತಿಕೊಂಡದ್ದು ಎರಡು. ಗುಡುಗಿದರೆ ಅಣಬೆ ಏಳುತ್ತದೆ ಅನ್ನುವುದು ಒಂದು. ಅಣಬೆ ಸಿಕ್ಕಿದ ಜಾಗವನ್ನು ಸ್ವಂತ ತಮ್ಮನಿಗೂ ಹೇಳಬಾರದು ಅನ್ನುವುದು ಇನ್ನೊಂದು. ಎರಡನೆಯದನ್ನು ನಂಬಿಕೆ ಅನ್ನುವುದಕ್ಕಿಂತ ಮಲೆನಾಡಿನ ಕಾನೂನು ಅನ್ನಬಹುದು.

ದೆವ್ವ, ಯಕ್ಷಿ, ಪಂಜುರ್ಲಿ ಎಲ್ಲಾ ಬಿಟ್ಟು ಅಣಬೇನೇ ಯಾಕೆ ಹಿಡ್ಕೊಂಡ್ರಿ?

ನಮ್ಮದು ಬೂಷ್ಟಿನ ಮನೆ. ಜುಲೈ ಬಂತೆಂದರೆ ಚಪ್ಪಲಿಗೆ ಬೂಷ್ಟು, ಬೆಲ್ಟಿಗೆ ಬೂಷ್ಟು, ಅಟ್ಟದ ಕಂಬಳಿಗೆ ಬೂಷ್ಟು, ಶಾಲೆಯ ಗ್ರೂಪ್ ಫೋಟೋದಲ್ಲಿ ನನ್ನ ಮುಖದ ಮೇಲೇ ಒಂದು ಬೂದುಬಣ್ಣದ ಚಕ್ರ. ಹೊಡಸಲು ಉರಿಯುವ ಕೋಣೆಯೊಂದು ಬಿಟ್ಟರೆ ಮನೆಯ ಉಳಿದ ಭಾಗವನ್ನು ನಾಲ್ಕು ತಿಂಗಳು ಅದಕ್ಕೇ ಬಿಟ್ಟುಕೊಟ್ಟಂತೆ. ಅಂಥ ಮನೆಯಲ್ಲಿ ಬೆಳೆದವರಿಗೆ ದೆವ್ವದ ಕಥೆ ಅಷ್ಟಾಗಿ ನಾಟುವುದಿಲ್ಲ.

ಇನ್ನೊಂದು, ಅಜ್ಜಿ ಅಣಬೆ ಕೀಳುತ್ತಿದ್ದ ರೀತಿ. ಹುತ್ತದಣಬೆಯ ಕಾಲು ಮೇಲೆ ಕಾಣುವಷ್ಟೇ ಅಲ್ಲ, ಒಂದು ಗೇಣು, ಕೆಲವೊಮ್ಮೆ ಒಂದು ಮೊಳ ಕೆಳಗೆ ಹೋಗಿರುತ್ತದೆ. ಅಜ್ಜಿ ಗೊರಬು ಹೊದ್ದು ಕುಕ್ಕರುಗಾಲಲ್ಲಿ ಕೂತು ಬಿದಿರ ಚಕ್ಕೆಯಿಂದ ಸುತ್ತಲಿನ ಮಣ್ಣು ಬಿಡಿಸುವಳು. ಆಮೇಲೆ ಎರಡು ಬೆರಳಲ್ಲಿ ಹಿಡಿದು ಹಲ್ಲು ಕೀಳುವ ಹಾಗೆ ಅತ್ತಿತ್ತ ಆಡಿಸುತ್ತ ಎಳೆಯುವಳು. ಕಾಲು ನಡುವೆ ಮುರಿದರೆ ಬಾಯಲ್ಲಿ 'ತ್ಚು' ಅನ್ನುವಳು. ಎಲ್ಲ ಕಿತ್ತ ಮೇಲೆ ಮಣ್ಣು ಮುಚ್ಚಿ, ಮೇಲೆ ತರಗೆಲೆ ಹರಡಿ, ನಾಲ್ಕು ಹೆಜ್ಜೆ ಹಿಂದೆ ಸರಿದು, ಯಾರೂ ಬಂದೇ ಇಲ್ಲವೆನ್ನುವ ಹಾಗೆ ಕಾಣುತ್ತದೋ ಇಲ್ಲವೋ ನೋಡುವಳು. ಕಥೆಯಲ್ಲಿ ನೂಲಿಗರು ಕೆಲಸ ಮುಗಿಸಿ ಎದ್ದು ಬರುವ ಪ್ರತಿ ದೃಶ್ಯವೂ ಆ ನಾಲ್ಕು ಹೆಜ್ಜೆಯ ನಕಲು.

ಓ, ಮ್ಯಾಜಿಕ್ ಮಶ್ರೂಮ್ ಕಥೆ ತಾನೆ? ಗೊತ್ತಾಯ್ತು ಬಿಡಿ.

ಗೊತ್ತಾಗಲಿಲ್ಲ. ಅಮಲಿನ ಅಣಬೆಗೂ ಇದಕ್ಕೂ ಸಂಬಂಧ ಇಲ್ಲ. ಅದರಲ್ಲಿರುವ ಸಿಲೋಸೈಬಿನ್ ನಮ್ಮ ದೇಶದಲ್ಲಿ ಕಾನೂನಿನ ಪ್ರಕಾರ ನಿಷಿದ್ಧ. ನನ್ನ ಕಥೆಯಲ್ಲಿ ನೂಲಿಗರು ಅಣಬೆ ತಿಂದು ವಿದ್ಯೆ ಪಡೆಯುವುದಿಲ್ಲ. ಅಣಬೆಯೇ ಅವರದ್ದನ್ನು ತಿನ್ನುತ್ತದೆ.

ನಿಮ್ಮ ಕಥೆ ಓದಿ ಹುಮ್ಮಸ್ಸು ಬಂದು ತೋಟದಲ್ಲಿ ಎದ್ದಿದ್ದ ಅಣಬೆ ಕಿತ್ತು ತಂದಿದೀವಿ. ಬೆಳ್ಳಿ ಚಮಚ ಹಾಕಿ ಬೇಯಿಸಿದ್ರೆ ಸಾಕಲ್ವಾ?

ಸಾಕಾಗುವುದಿಲ್ಲ. ದಯವಿಟ್ಟು ಬಿಸಾಕಿ. ಚಮಚ ಕಪ್ಪಾದರೆ ವಿಷ, ಬೆಳ್ಳುಳ್ಳಿ ಬಣ್ಣ ತಿರುಗಿದರೆ ವಿಷ, ಹುಳು ಹತ್ತಿದ್ದರೆ ತಿನ್ನಬಹುದು, ಇವೆಲ್ಲ ಸುಳ್ಳು. ಅಮಟಾಕ್ಸಿನ್ ಅನ್ನುವ ವಿಷ ಇರುವ ಅಣಬೆ ಎಷ್ಟು ಬೇಯಿಸಿದರೂ ವಿಷವಾಗಿಯೇ ಉಳಿಯುತ್ತದೆ. ಅದು ಕೈ ತೋರಿಸುವುದು ತಿಂದ 6ರಿಂದ 24 ಗಂಟೆಯ ನಂತರ. ವಾಂತಿ ಭೇದಿ ಆಗಿ ಒಂದು ದಿನ ಎಲ್ಲ ಸರಿಹೋದಂತೆ ಕಾಣುತ್ತದೆ, ಆ ಹೊತ್ತಿಗೆ ಒಳಗೆ ಯಕೃತ್ತು ಹೋಗುತ್ತಿರುತ್ತದೆ. ತಿಂದಾಗಿದ್ದರೆ ಈಗಲೇ ಆಸ್ಪತ್ರೆಗೆ ಹೊರಡಿ, ಉಳಿದ ಅಣಬೆಯನ್ನು ಜತೆಗೆ ಒಯ್ಯಿರಿ.

ನನ್ನ ಕಥೆಗಳನ್ನು ಅಡುಗೆ ಪುಸ್ತಕ ಮಾಡಿಕೊಳ್ಳಬೇಡಿ. ಗುರುತಿಸಲು ಕಲಿಯಬೇಕಿದ್ದರೆ ಮೂವತ್ತು ವರ್ಷದಿಂದ ಅದೇ ಹುತ್ತದಿಂದ ಅದೇ ಅಣಬೆ ಕೀಳುತ್ತಿರುವವರ ಹಿಂದೆ ಹೋಗಿ. ಅವರು ಕರೆದುಕೊಂಡು ಹೋಗುವುದಿಲ್ಲ, ಅದು ಬೇರೆ ವಿಷಯ.

ನಮ್ಮನೇಲಿ ಅಣಬೆ ಒಳಗೇ ತರಲ್ಲ. ನಮ್ಮಂಥವರು ನೂಲಿಗರಾಗಬಹುದಾ?

ಧಾರಾಳವಾಗಿ. ಕಥೆಯ ಒಬ್ಬ ಒಳ್ಳೆಯ ನೂಲಿಗ ಅಣಬೆಯ ವಾಸನೆ ಬಂದರೆ ಮೂಗು ಮುಚ್ಚುವವನೇ. ಬಿಸಿಬೇಳೆ ಭಾತಿಗೆ ಕಲ್ಲುಹೂವು ಹಾಕುತ್ತೀರಿ ತಾನೆ? ಅದು ಹೂವಲ್ಲ. ಒಂದು ಶಿಲೀಂಧ್ರ ಮತ್ತು ಒಂದು ಪಾಚಿ ಸೇರಿ ಮಾಡುವ ಸಂಸಾರ. ಪಾಚಿ ಬಿಸಿಲಲ್ಲಿ ಅಡುಗೆ ಮಾಡುತ್ತದೆ, ಶಿಲೀಂಧ್ರ ಮನೆ ಕಟ್ಟಿ ನೀರು ಹಿಡಿದಿಡುತ್ತದೆ. ಅಂದಮೇಲೆ ನಿಮ್ಮ ಮನೆಯ ಮಸಾಲೆ ಡಬ್ಬಿಯಲ್ಲಿ ಅದು ಆಗಲೇ ಇದೆ. ಅಮ್ಮನಿಗೆ ಹೇಳಬೇಡಿ.

## ಲೆಕ್ಕಾಚಾರ

ಬೆಲೆ ಕೊಡಬೇಕು ಅಂತೀರಲ್ಲ, ಚಿನ್ನ ಕೊಟ್ರೆ ಆಗಲ್ವಾ?

ಆಗುವುದಿಲ್ಲ. ಚಿನ್ನ ಕೊಳೆಯುವುದಿಲ್ಲ. ಪ್ಲಾಸ್ಟಿಕ್ ಕುರ್ಚಿಯೂ ಆಗುವುದಿಲ್ಲ. ಕೊಡುವ ವಸ್ತು ಮಣ್ಣಾಗುವಂಥದ್ದಿರಬೇಕು, ಕೊಟ್ಟವರಿಗೆ ಕೊರತೆ ಕಾಣುವಂಥದ್ದಿರಬೇಕು. ನೂರು ಮೂಟೆ ಭತ್ತ ಇಟ್ಟುಕೊಂಡವನು ಹತ್ತು ಮೂಟೆ ಸುರಿದರೆ ನೂಲಿಗೆ ಅದು ಬರೀ ಗೊಬ್ಬರ. ಆಷಾಢದಲ್ಲಿ ಕಣಜದ ತಳ ಕಾಣುತ್ತಿರುವಾಗ ಒಂದು ಸೇರು ಅಕ್ಕಿ ಹಾಕಿದರೆ ನೂಲು ತಿರುಗಿ ನೋಡುತ್ತದೆ.

ಹೆಚ್ಚು ಜನ ಕೇಳುವುದು ತೊಟ್ಟಿಲಿನ ಕಥೆಯ ಬಗ್ಗೆ, ಅದನ್ನೇ ಉದಾಹರಣೆಗೆ ತೆಗೆದುಕೊಳ್ಳುತ್ತೇನೆ. ಬೆಂಗಳೂರಿಗೆ ಹೋದ ಮಗ ಮನೆಗೆ ಬರುತ್ತಿಲ್ಲ. ತಾಯಿ ಅಟ್ಟದಿಂದ ಅವನ ಹಲಸಿನ ಮರದ ತೊಟ್ಟಿಲನ್ನು ಇಳಿಸಿ ಕಾನಿನೊಳಗೆ ಹೂಳುತ್ತಾಳೆ. ಮರವನ್ನು ಗಟ್ಟಿಯಾಗಿ ಹಿಡಿದಿಟ್ಟಿರುವ ಲಿಗ್ನಿನ್ ಅನ್ನುವ ಅಂಟನ್ನು ಚೆನ್ನಾಗಿ ಜೀರ್ಣಿಸಿಕೊಳ್ಳಬಲ್ಲ ಜೀವಿಗಳು ಬಹಳ ಕಡಿಮೆ. ಬಿಳಿಕೊಳೆ ಶಿಲೀಂಧ್ರಗಳು ಅದರಲ್ಲಿ ಪಳಗಿದವು, ಆದರೂ ಅವಕ್ಕೂ ಸಮಯ ಬೇಕು. ಕಥೆಯಲ್ಲಿ ಮೂರು ಮಳೆಗಾಲ ಬೇಕಾಗುತ್ತದೆ. ಮೂರನೇ ವರ್ಷ ಮಗ ಬರುತ್ತಾನೆ. ಬಂದವನು ಚಾವಡಿಯಲ್ಲಿ ಚಪ್ಪಲಿ ಬಿಟ್ಟು, 'ಕೈಕಾಲು ತೊಳೆಯೋಕೆ ನೀರು ಎಲ್ಲಿದೆ?' ಅಂತ ಕೇಳುತ್ತಾನೆ. ಆ ಮನೆಯಲ್ಲಿ ಮಗುವಾಗಿದ್ದದ್ದು ಅವನಲ್ಲಿ ಉಳಿದಿಲ್ಲ. ತಾಯಿ ಕೇಳಿದ್ದು ಮಗ ಬರಲಿ ಎಂದು, ನೂಲು ಮಾತಿಗೆ ತಪ್ಪಿಲ್ಲ.

ಇದು ಕ್ರೂರ ಅಂತ ಬರೆದವರಿದ್ದಾರೆ. ನನಗೂ ಹಾಗೇ ಅನ್ನಿಸುತ್ತದೆ.

ನೆನಪನ್ನ ಕೊಳೆಸೋದು ಅಂತ ಒಂದು ಕಡೆ ಬರುತ್ತೆ. ಹಾಗಂದ್ರೆ ಮರೆತುಹೋಗೋದಾ?

ಅಲ್ಲ. ಮರೆವು ಅಂದರೆ ಸುಟ್ಟಂತೆ, ಬೂದಿ ಬಿಟ್ಟರೆ ಏನೂ ಉಳಿಯುವುದಿಲ್ಲ. ಕೊಳೆತ ನೆನಪಿನ ಅಂಚು ಹೋಗುತ್ತದೆ, ಮೆತ್ತಗಾಗುತ್ತದೆ, ಪಕ್ಕದಲ್ಲಿರುವುದರ ಜತೆ ಬೆರೆಯುತ್ತದೆ. ಹೇಮಾವತಿಯಲ್ಲಿ ಮುಳುಗಲಿದ್ದವನು ನೀನೋ ನಿನ್ನ ಅಣ್ಣನೋ ಅಂತ ಕೇಳಿದರೆ ಹೇಳಲಾಗುವುದಿಲ್ಲ. ನೀರು ಮೂಗಿಗೆ ಹೋದದ್ದು ಮಾತ್ರ ಗೊತ್ತು. ನೂಲಿಗರ ಮನೆಗಳಲ್ಲಿ ಮೂರು ತಲೆಮಾರಿನವರು ಒಂದೇ ಬಾಲ್ಯದ ಕಥೆ ಹೇಳುವುದು ಅದಕ್ಕೇ.

ಕೆಲಸ ಆಗೋಕೆ ಎಷ್ಟು ದಿನ ಕಾಯಬೇಕು?

ನೂಲಿಗರ ಪಂಚಾಂಗ ಮಳೆನಕ್ಷತ್ರದ್ದು. ಒಂದೊಂದು ಮಳೆ ಹದಿಮೂರು ಹದಿನಾಲ್ಕು ದಿನ. ಮೃಗಶಿರಾದಲ್ಲಿ ಉಣಿಸಲು ಶುರು, ಜೂನ್ ಕೊನೆಯ ವಾರದ ಹೊತ್ತಿಗೆ ಆರಿದ್ರಾ. 'ಆದರೆ ಆರಿದ್ರಾ, ಇಲ್ಲದಿದ್ದರೆ ದರಿದ್ರಾ' ಅನ್ನುವ ರೈತರ ಮಾತು ನೂಲಿಗರಿಗೂ ಅಷ್ಟೇ ಲಾಗೂ. ಆರಿದ್ರಾ ಕೈಕೊಟ್ಟರೆ ಆ ವರ್ಷ ಹಾಕಿದ್ದು ಹಾಗೇ ಒಣಗಿ ಕೂರುತ್ತದೆ. ಪುಷ್ಯ, ಆಶ್ಲೇಷ ಸುರಿಯುವಾಗ ಕಾಯುವುದು. ಮಘೆಯ ಹೊತ್ತಿಗೆ ನಡುವೆ ಬಿಸಿಲು ಬಿದ್ದು, ಒಂದು ಸಂಜೆ ಗುಡುಗಿತೆಂದರೆ ಅಣಬೆ ಏಳುತ್ತದೆ, ಅದು ಉತ್ತರ. ಏಳದಿದ್ದರೆ ಅದೂ ಉತ್ತರವೇ. ಬೇಸಿಗೆಯಲ್ಲಿ ನೂಲಿಗ ಬರೀ ಕೂಲಿಯಾಳು, ಕಾಫಿ ಕಪಾತು ಮಾಡಿಕೊಂಡು ಇರುತ್ತಾನೆ.

ಹಾಗಾದ್ರೆ ಅಡಿಕೆಗೆ ಕೊಳೆ ಬಂದಾಗ ನಿಮ್ಮ ನೂಲಿಗರು ಯಾಕೆ ಕೈಕಟ್ಟಿ ಕೂತಿರ್ತಾರೆ? ಮೊದಲು ಅದನ್ನ ನಿಲ್ಲಿಸಲಿ!

ಕೊಪ್ಪ, ಶೃಂಗೇರಿ, ಕಳಸದ ಕಡೆಯಿಂದ ಬರುವ ಹತ್ತು ಪ್ರಶ್ನೆಯಲ್ಲಿ ಎಂಟು ಇದೇ. ಕೇಳುವವರ ದನಿಯಲ್ಲಿ ನಿಜವಾದ ಸಿಟ್ಟು ಇರುತ್ತದೆ, ನಾನೇ ಕೊಳೆ ತಂದೆನೇನೋ ಎನ್ನುವ ಹಾಗೆ.

ಉತ್ತರ ವಿಜ್ಞಾನದಲ್ಲಿದೆ. ಅಡಿಕೆಗೆ ಕೊಳೆ ತರುವ ಫೈಟಾಫ್ತರಾ ನೋಡಲು ಥೇಟ್ ಬೂಷ್ಟು. ಉದುರಿದ ಎಳೆಕಾಯಿಯ ಮೇಲೆ ಬಿಳಿ ಹತ್ತಿಯ ಹಾಗೆ ಹಬ್ಬಿರುತ್ತದೆ. ಆದರೆ ಅದು ಶಿಲೀಂಧ್ರವೇ ಅಲ್ಲ. ಶಿಲೀಂಧ್ರದ ಕೋಶದ ಗೋಡೆ ಕೈಟಿನ್ನಿಂದ ಆದದ್ದು, ಏಡಿಯ ಚಿಪ್ಪು, ಜೀರುಂಡೆಯ ರೆಕ್ಕೆಯಲ್ಲಿ ಇರುವ ವಸ್ತು. ಇದರ ಗೋಡೆಯಲ್ಲಿ ಅದರ ಬದಲು ಸೆಲ್ಯುಲೋಸ್ ಇರುತ್ತದೆ. ಜತೆಗೆ ಇದರ ಬೀಜಾಣುಗಳಿಗೆ ಬಾಲ ಇದೆ, ಮಳೆನೀರಿನ ಪೊರೆಯಲ್ಲಿ ಈಜಿಕೊಂಡು ಕಾಯಿಂದ ಕಾಯಿಗೆ ಹೋಗುತ್ತವೆ. ಪಾಚಿಯ ದೂರದ ನೆಂಟ, ಅಣಬೆಯ ವೇಷ. ಕಥೆಯಲ್ಲಿ ಇದಕ್ಕೆ ಸುಳ್ಳುನೂಲು ಅಂತ ಹೆಸರಿಟ್ಟೆ. ನೂಲಿಗ ಮಾತಾಡಿಸಿದರೆ ಅದಕ್ಕೆ ಭಾಷೆಯೇ ಬರುವುದಿಲ್ಲ. ಹಾಸನದ ಆಲೂಗಡ್ಡೆಗೆ ಬರುವ ಅಂಗಮಾರಿಯೂ ಇದೇ ಕುಲ. 1845ರಲ್ಲಿ ಐರ್ಲೆಂಡಿಗೆ ಕ್ಷಾಮ ತಂದದ್ದು ಆ ಅಂಗಮಾರಿಯೇ.

ಕಾಫಿಯ ಕೊಳೆರೋಗ ಮಾತ್ರ ನಿಜವಾದ ಶಿಲೀಂಧ್ರ. ಅದು ಬಂದ ಗಿಡವನ್ನು ನೋಡಿದ್ದೀರಾ? ಕಪ್ಪಾದ ಎಲೆ ತೊಟ್ಟಿನಿಂದ ಕಳಚಿರುತ್ತದೆ, ಆದರೂ ನೆಲಕ್ಕೆ ಬೀಳುವುದಿಲ್ಲ. ಶಿಲೀಂಧ್ರದ ಲೋಳೆದಾರ ಹಿಡಿದು ರೆಂಬೆಯಲ್ಲೇ ತೂಗುತ್ತಿರುತ್ತದೆ. 1876ರಲ್ಲಿ ಕುಕ್ ಎಂಬ ಇಂಗ್ಲಿಷ್ ವಿಜ್ಞಾನಿ ಅದಕ್ಕೆ ಪೆಲ್ಲಿಕ್ಯುಲೇರಿಯಾ ಕೊಳೆರೋಗ ಅಂತಲೇ ಹೆಸರಿಟ್ಟ. ನಮ್ಮ ತೋಟದ ಆಳು ಆಡುವ ಮಾತು ಲ್ಯಾಟಿನ್ ಹೆಸರಿನ ಬಾಲವಾಗಿ ಕೂತಿತು. ಅಡಿಕೆಯ ಕೊಳೆ, ಕಾಫಿಯ ಕೊಳೆ ಎರಡಕ್ಕೂ ನಮ್ಮಲ್ಲಿ ಒಂದೇ ಪದ. ಒಂದು ಸುಳ್ಳುನೂಲು, ಇನ್ನೊಂದು ಬಿಳಿನೂಲು. ಕಥೆಯಲ್ಲಿ ಊರಿಗೂ ನೂಲಿಗರಿಗೂ ಜಗಳ ಹತ್ತುವುದೇ ಇಲ್ಲಿ. 'ಕಾಫಿಯದ್ದನ್ನು ನಿಲ್ಲಿಸಿದೆ, ನನ್ನ ಅಡಿಕೆಯದ್ದನ್ನು ಯಾಕೆ ನಿಲ್ಲಿಸಲಿಲ್ಲ?' ಅಂದರೆ ನೂಲಿಗ ಏನು ಹೇಳಬೇಕು? ಯಾರು ನಂಬುತ್ತಾರೆ?

ನೀಲಿ ಕೈಯವರು ಅಂತ ಬರ್ತಾರಲ್ಲ, ಅವರು ಒಳ್ಳೆಯವರೋ ಕೆಟ್ಟವರೋ?

ನನ್ನ ಅಪ್ಪ ನೀಲಿ ಕೈಯವರು. ಹಾಗಾಗಿ ನನ್ನನ್ನು ಕೇಳಬೇಡಿ.

ಕೊಳೆ ತಡೆಯಲು ಹೊಡೆಯುವ ನೀಲಿ ಬೋರ್ಡೋ ಮಿಶ್ರಣ ಅಡಿಕೆ ಊರಿನವರಿಗೆಲ್ಲ ಗೊತ್ತು, ಅದನ್ನು ಹೊಡೆಯುವವರೇ ನೀಲಿ ಕೈಯವರು. ಶೇ 1ರ ದ್ರಾವಣಕ್ಕೆ ಮೈಲುತುತ್ತ (ತಾಮ್ರದ ಸಲ್ಫೇಟ್) 1 ಕೆ.ಜಿ., ಸುಣ್ಣ 1 ಕೆ.ಜಿ., ನೀರು 100 ಲೀಟರ್. ಎರಡನ್ನೂ ಬೇರೆ ಬೇರೆ ಕಲಸಿ, ತುತ್ತದ ನೀರನ್ನು ಸುಣ್ಣದ ನೀರಿಗೆ ನಿಧಾನ ಸುರಿಯಬೇಕು. ಅಪ್ಪ ಕತ್ತಿಯ ಅಲುಗನ್ನು ಬೂದಿ ಹಾಕಿ ಬೆಳ್ಳಗೆ ತಿಕ್ಕಿ, ಡ್ರಮ್ಮಿನೊಳಗೆ ಅದ್ದಿ, ಎತ್ತಿ, ಮೋಡದ ಬೆಳಕಿಗೆ ಹಿಡಿದು ನೋಡುತ್ತಿದ್ದರು. ಅಲುಗಿನ ಮೇಲೆ ಕೆಂಪು ಹತ್ತಿದರೆ ತಾಮ್ರ ಇನ್ನೂ ಬಿಡುವಾಗಿದೆ ಎಂದರ್ಥ, ಇನ್ನೊಂದು ಬೊಗಸೆ ಸುಣ್ಣ. ಏನೂ ಹತ್ತದಿದ್ದರೆ 'ಹ್ಞೂ' ಅನ್ನುವರು, ಮರ ಹತ್ತುವ ಕೊನೆಗಾರ ಸೊಂಟಕ್ಕೆ ಹಗ್ಗ ಬಿಗಿಯುವನು. ಸಂಜೆ ಅನ್ನ ಕಲಸುವಾಗಲೂ ಉಗುರ ಸಂದಿಯಲ್ಲಿ ನೀಲಿ ಇರುತ್ತಿತ್ತು. ಕತ್ತಿ ಅದ್ದಿ ನೋಡುವ ಆ ದೃಶ್ಯವನ್ನು ಒಂದಕ್ಷರ ಬದಲಿಸದೆ ಕಥೆಗೆ ತಂದಿದ್ದೇನೆ.

ಇದರ ಮೂಲ ಫ್ರಾನ್ಸಿನದ್ದು. ರಸ್ತೆ ಬದಿಯ ದ್ರಾಕ್ಷಿಯನ್ನು ಕಳ್ಳರು ಕೀಳದಿರಲಿ ಅಂತ ಎರಚಿದ್ದ ನೀಲಿ ಬಳಿತವೇ ರೋಗವನ್ನೂ ತಡೆಯುತ್ತಿದೆ ಎಂದು ಮಿಲಾರ್ಡೆ ಎಂಬ ಸಸ್ಯವಿಜ್ಞಾನಿ ಗಮನಿಸಿ, 1885ರಲ್ಲಿ ಪ್ರಕಟಿಸಿದ. ಆ ದ್ರಾಕ್ಷಿಯ ರೋಗವೂ ಒಂದು ಸುಳ್ಳುನೂಲು. ಮೈಸೂರು ಸಂಸ್ಥಾನಕ್ಕೆ 1908ರಲ್ಲಿ ಬಂದ ಕೆನಡಾದ ವಿಜ್ಞಾನಿ ಲೆಸ್ಲಿ ಕೋಲ್ಮನ್ ಅಡಿಕೆಯ ಕೊಳೆಯನ್ನು ಅಭ್ಯಾಸ ಮಾಡಿ, ಬೋರ್ಡೋ ಹೊಡೆಯುವುದನ್ನು ಮಲೆನಾಡಿನ ರೈತರಿಗೆ ಕಲಿಸಿದರು. ಅದಕ್ಕೂ ಮುಂಚೆ ಅಡಿಕೆ ಗೊನೆಗೆ ಕೊಟ್ಟೆ ಅನ್ನುವ ಹೊದಿಕೆ ಕಟ್ಟಿ ಮಳೆ ತಡೆಯುವುದೊಂದೇ ದಾರಿ.

ತೊಡಕು ಇರುವುದು ತಾಮ್ರದಲ್ಲಿ. ಸುಳ್ಳು ನಿಜ ಅಂತ ಭೇದ ಮಾಡದೆ ಎರಡನ್ನೂ ಅದು ಕೊಲ್ಲುತ್ತದೆ. ಮರದ ಮೇಲಿಂದ ತೊಟ್ಟಿಕ್ಕಿ ವರ್ಷ ವರ್ಷ ಮಣ್ಣಿಗೆ ಇಳಿಯುತ್ತದೆ. ನೀಲಿ ಕೈಯವನು ತನ್ನ ಅಡಿಕೆ ಉಳಿಸಿಕೊಳ್ಳುತ್ತಾನೆ, ಪಕ್ಕದ ನೂಲಿಗನ ಮೂರು ವರ್ಷದ ಕಾಯುವಿಕೆ ಹೋಗುತ್ತದೆ. ಯಾರದ್ದು ತಪ್ಪು ಅಂತ ಬರೆಯಲು ಎರಡು ಸಲ ಕೂತೆ, ಆಗಲಿಲ್ಲ.

ನಮ್ಮದು ಅರಸೀಕೆರೆ. ನಿಮ್ಮ ಮಾಯೆ ಎಲ್ಲಾ ಮಳೆ ಬರೋ ಕಡೆಗೇ ಸೀಮಿತಾನಾ?

ಇಲ್ಲ, ನಿಮ್ಮ ಕಡೆಯದ್ದು ನಿಧಾನದ, ಹೆಚ್ಚು ಭಯದ ವಿದ್ಯೆ. ತೆಂಗಿನ ಬುಡದಲ್ಲಿ ಅರ್ಧಚಂದ್ರದ ಹಾಗೆ ಗಟ್ಟಿ ಅಣಬೆ ಏಳುವುದನ್ನು ನೀವು ನೋಡಿರುತ್ತೀರಿ, ಅಣಬೆ ರೋಗ ಅನ್ನುತ್ತೀರಿ. ಗ್ಯಾನೋಡರ್ಮಾ ಅದರ ಹೆಸರು. ಅಣಬೆ ಕಣ್ಣಿಗೆ ಬೀಳುವ ಹೊತ್ತಿಗೆ ಬುಡದೊಳಗೆ ಬಹುಪಾಲು ಮುಗಿದಿರುತ್ತದೆ. ರೋಗದ ಮರದ ಸುತ್ತ ಅಗಳು ತೋಡಿ, ಬೇರು ಬೇರಿಗೆ ತಾಗದಂತೆ ಮಾಡಿ, ಬೇವಿನ ಹಿಂಡಿಯ ಜತೆ ಟ್ರೈಕೋಡರ್ಮಾ ಹಾಕುತ್ತಾರೆ. ಟ್ರೈಕೋಡರ್ಮಾ ಅನ್ನುವುದೂ ಒಂದು ಶಿಲೀಂಧ್ರ, ಬೇರೆ ಶಿಲೀಂಧ್ರವನ್ನು ಸುತ್ತಿಕೊಂಡು ತಿನ್ನುವಂಥದ್ದು. ಮುಂದಿನ ಕಥೆಯೊಂದರಲ್ಲಿ ಬಯಲುಸೀಮೆಯ ನೂಲಿಗಳೊಬ್ಬಳು ಬರುತ್ತಾಳೆ, ನೂಲನ್ನು ನೂಲಿಗೆ ಛೂ ಬಿಡುವವಳು. ಅಗಳಿನ ಆಚೆ ಒಂದು ಮರ, ಈಚೆ ಒಂದು ಮರ ಇಟ್ಟುಕೊಂಡು ಅವಳು ಇಡೀ ಊರನ್ನು ಆಡಿಸುತ್ತಾಳೆ.

## ಒಳಗಿನ ವಿಷಯ

ಹುತ್ತದವರು ಅಂದ್ರೆ ನಾಗನ ಪೂಜೆ ಮಾಡೋರಾ? ಸರಿಯಾಗಿ ಅರ್ಥ ಆಗಲಿಲ್ಲ.

ನಾಗನಿಗೂ ಅವರಿಗೂ ಜಗಳವಿಲ್ಲ, ಆದರೆ ಅವರ ಲೆಕ್ಕ ಗೆದ್ದಲಿನದ್ದು. ಹುತ್ತ ಕಟ್ಟುವ ಗೆದ್ದಲು ಒಣ ಎಲೆ, ಕಡ್ಡಿ ತಿಂದು ಒಳಗೆ ಮೆದುಳಿನ ಆಕಾರದ ಗೂಡು ಮಾಡುತ್ತದೆ, ಅದರ ಮೇಲೆ ಒಂದು ಶಿಲೀಂಧ್ರ ಬೆಳೆಸುತ್ತದೆ. ಗೆದ್ದಲಿಗೆ ದಕ್ಕದ್ದನ್ನು ಶಿಲೀಂಧ್ರ ಅರಗಿಸಿ ಕೊಡುತ್ತದೆ, ಆ ಬೆಳೆಯನ್ನೇ ಗೆದ್ದಲು ತಿನ್ನುತ್ತದೆ. ಸುಮಾರು 3 ಕೋಟಿ ವರ್ಷದಿಂದ ನಡೆದಿರುವ ಬೇಸಾಯ ಇದು. ನಾವು ಕೀಳುವ ಹುತ್ತದಣಬೆಯ ಉದ್ದ ಕಾಲು ಇಳಿದಿರುವುದು ಆ ಹೊಲಕ್ಕೇ. ಯಾರು ಯಾರನ್ನು ಸಾಕುತ್ತಿದ್ದಾರೆ ಅಂತ ಹೇಳಿ ನೋಡೋಣ.

ಹುತ್ತದವರ ವಿದ್ಯೆ ಒಬ್ಬರಿಂದ ಆಗುವುದಿಲ್ಲ. ಊರಿನ ಅಷ್ಟೂ ಮನೆಯಿಂದ ದಿನಕ್ಕೊಂದು ಹಿಡಿ ಬರಬೇಕು. ತರಗೆಲೆ, ಅನ್ನದ ತಳ, ಹರಿದ ಪಂಚೆ, ಏನಾದರೂ. ಒಂದು ಮನೆ ನಿಲ್ಲಿಸಿದರೂ ಎಲ್ಲರದ್ದೂ ನಿಲ್ಲುತ್ತದೆ. ಪ್ರತಿಯಾಗಿ ಸಿಗುವುದು ಒಬ್ಬರಿಂದ ಆಗದ ತೀರ್ಮಾನಗಳು. ಕೆರೆ ಎಲ್ಲಿ ತೋಡಬೇಕು, ಯಾವ ಹಳೆ ಜಗಳವನ್ನು ಎಲ್ಲರೂ ಒಟ್ಟಿಗೆ ಬಿಡಬೇಕು ಇಂಥವು. ಇಡೀ ಲೋಕದಲ್ಲಿ ನನಗೆ ಬರೆಯಲು ಅತಿ ಇಷ್ಟವಾದವರು ಇವರು. ಓದುಗರಿಗೆ ಮಾತ್ರ ಇವರೆಂದರೆ ಪಂಚಾಯ್ತಿ ಮೀಟಿಂಗ್ ನೆನಪಾಗುತ್ತದಂತೆ.

ತುಕ್ಕಿನವರನ್ನ ಊರಾಚೆ ಇಟ್ಟಿದ್ದೀರಲ್ಲ, ಅವರೇನು ಅಂಥಾ ತಪ್ಪು ಮಾಡಿದ್ದು?

ಉಳಿದವರು ಸತ್ತದ್ದನ್ನು ಕೊಡುತ್ತಾರೆ. ತುಕ್ಕಿನವರು ಬದುಕಿರುವುದನ್ನು ಕೊಡುತ್ತಾರೆ.

ಕಾಫಿಯ ಎಲೆತುಕ್ಕು ಜೀವಂತ ಎಲೆಯಲ್ಲಿ ಮಾತ್ರ ಬದುಕುವಂಥದ್ದು. ಎಲೆ ಮಗುಚಿ ಹೆಬ್ಬೆರಳಿಂದ ಒರೆಸಿದರೆ ಅರಿಸಿನ-ಕೇಸರಿ ಹುಡಿ ಅಂಟುತ್ತದೆ, ಅಷ್ಟೇ ನೋಡಲು. 1869ರಲ್ಲಿ ಸಿಲೋನಿನಲ್ಲಿ ಕಂಡದ್ದು, ಮುಂದಿನ ಎರಡು ದಶಕದಲ್ಲಿ ಆ ದ್ವೀಪದ ಕಾಫಿಯನ್ನೇ ಎತ್ತಿಬಿಟ್ಟಿತು, ಅವರು ಟೀ ಹಾಕಿದರು. ನಮ್ಮಲ್ಲಿ ಅದಕ್ಕೆ ಎದುರು ನಿಲ್ಲುವ ತಳಿ ಹುಡುಕಲೆಂದೇ ದಶಕಗಟ್ಟಲೆ ಕೆಲಸ ನಡೆಯಿತು. ಬಾಳೆಹೊನ್ನೂರಿನಲ್ಲಿ 1925ರಲ್ಲಿ ಕಾಫಿ ಸಂಶೋಧನಾ ಕೇಂದ್ರ ಶುರುವಾಯಿತು, 1940ರ ದಶಕದಲ್ಲಿ ಅಲ್ಲಿಂದ ಬಂದ ಎಸ್. 795 ಇವತ್ತಿಗೂ ನಮ್ಮ ಅರೇಬಿಕಾ ತೋಟಗಳಲ್ಲಿ ನಿಂತಿದೆ.

ತುಕ್ಕು ಗಿಡವನ್ನು ಕೂಡಲೇ ಸಾಯಿಸುವುದಿಲ್ಲ, ಸತ್ತರೆ ಅದಕ್ಕೇ ನಷ್ಟ. ತುಕ್ಕಿನವರ ವಿದ್ಯೆಯೂ ಹಾಗೇ. ಯಾರ ಮೇಲೆ ಮಾಡಿದ್ದಾರೋ ಅವರು ಬದುಕಿರಬೇಕು, ಎದ್ದು ಓಡಾಡಬೇಕು, ಆದರೆ ವರ್ಷಕ್ಕೆ ನಾಲ್ಕು ಎಲೆ ಉದುರಬೇಕು. ಎಲೆತುಕ್ಕಿಗೂ ಕಾಫಿಗೂ ಇರುವ ಈ ನಂಟನ್ನು ಓದಿದಾಗ ನನಗೆ ಕೆಲವು ಮನೆಗಳು ನೆನಪಾದವು, ಯಾವುದು ಅಂತ ಬರೆಯುವುದಿಲ್ಲ.

ಇರುವೆ ತಲೆ ಹೊಕ್ಕು ಕುಣಿಸೋ ಅಣಬೆ ಇದೆಯಲ್ಲ, ಅದನ್ನ ಮನುಷ್ಯರ ಮೇಲೆ ಯಾಕೆ ತಂದಿಲ್ಲ?

ಎಲ್ಲರೂ ತಂದಿದ್ದಾರೆ, ಅದಕ್ಕೆ. ನಿಜದ ವಿಷಯ ಇದಕ್ಕಿಂತ ವಿಚಿತ್ರ. ಸೋಂಕು ತಗುಲಿದ ಇರುವೆ ಮೇಲೆ ಹತ್ತಿ ಎಲೆಯ ನರವನ್ನು ಕಚ್ಚಿ ಹಿಡಿದು ಸಾಯುತ್ತದೆ, ಆಮೇಲೆ ತಲೆಯ ಹಿಂದಿನಿಂದ ಶಿಲೀಂಧ್ರದ ಕಡ್ಡಿ ಏಳುತ್ತದೆ. 2017ರಲ್ಲಿ ಅಂಥ ಇರುವೆಗಳನ್ನು ಸೂಕ್ಷ್ಮವಾಗಿ ನೋಡಿದಾಗ ಶಿಲೀಂಧ್ರ ತುಂಬಿದ್ದು ಸ್ನಾಯುಗಳ ಸುತ್ತ, ಮೆದುಳನ್ನು ಮುಟ್ಟಿರಲಿಲ್ಲ. ಅಂದರೆ ಕಾಲು ಅದರ ಮಾತು ಕೇಳುತ್ತಿದೆ, ತಲೆ ಇನ್ನೂ ಇರುವೆಯದ್ದೇ. ಇದನ್ನು ಓದಿದ ಮೇಲೆ ಮಾಟದ ಬೊಂಬೆಯ ಹಾಗೆ ಬಳಸಲು ಮನಸ್ಸು ಬರಲಿಲ್ಲ.

ಈ ವಿದ್ಯೆ ಯಾವ ಜಾತಿಯವರದ್ದು? ತಂದೆಯಿಂದ ಮಗನಿಗೆ ಬರುತ್ತಾ?

ಒಣಗಿದ ಕೊಂಬೆಯ ಮೇಲೆ ಬೀಸಣಿಗೆಯಂತೆ, ಬೂದು ಬಿಳುಪಿನ, ಕೆಳಗೆ ಸೀಳು ಸೀಳಾಗಿರುವ ಸಣ್ಣ ಅಣಬೆಯೊಂದು ಎಲ್ಲೆಡೆ ಕಾಣುತ್ತದೆ. ಶೈಜೋಫಿಲಮ್ ಅಂತ ಹೆಸರು. ಅದರಲ್ಲಿ ಗಂಡು ಹೆಣ್ಣು ಎರಡೇ ಅಲ್ಲ, 23,000ಕ್ಕೂ ಹೆಚ್ಚು ಬಗೆಗಳಿವೆ. ಹೊರಗಿನಿಂದ ಬಂದ ಯಾವ ನೂಲು ಎದುರಾದರೂ ಹೆಚ್ಚುಕಮ್ಮಿ ಸಂಬಂಧ ಕುದುರುತ್ತದೆ. ಕುದುರದಿರುವ ಅಪಾಯ ಹೆಚ್ಚಿರುವುದು ಒಡಹುಟ್ಟಿದವರ ಜತೆಗೇ. ನನ್ನ ನೂಲುವಿದ್ಯೆ ಈ ನಿಯಮ ಹಿಡಿದಿದೆ, ಅಪ್ಪನಿಂದ ಮಗನಿಗೆ ಬರುವುದೇ ಕಷ್ಟ. ಗುರು ಸಿಗುವುದು ಪರ ಊರಿನಲ್ಲಿ, ಪರರ ಮನೆಯಲ್ಲಿ. ಜಾತಕ ಹೊಂದಿಸುವವರು ಇದನ್ನು ಓದಿ ಬೇಜಾರಾದರು ಅಂತ ಕೇಳಿದೆ.

ಸಕಲೇಶಪುರದಲ್ಲಿ ಕೂತು ನೂಲಿನ ಮೂಲಕ ಕೊಪ್ಪಕ್ಕೆ ಸುದ್ದಿ ಮುಟ್ಟಿಸಬಹುದಾ?

ಹಿಂದೆ ಆಗುತ್ತಿತ್ತು, ಈಗ ಆಗುವುದಿಲ್ಲ. ಇದು ಕಥೆಯ ಉತ್ತರ. ನಿಜದಲ್ಲಿ ಒಂದೇ ಶಿಲೀಂಧ್ರ ಬಹಳ ದೂರ ಹಬ್ಬಬಲ್ಲದು. ಅಮೆರಿಕದ ಓರೆಗಾನ್ ಕಾಡಿನ ಒಂದು ಅಣಬೆಯ ಮೈ ಸುಮಾರು 965 ಹೆಕ್ಟೇರ್ ಇದೆ. ಮರ ಮರಕ್ಕೆ ನೂಲಿನ ಮೂಲಕ ಸುದ್ದಿ ಹೋಗುತ್ತದೆ ಅನ್ನುವುದು ಮಾತ್ರ ಕೇಳಿದಷ್ಟು ಸಲೀಸಲ್ಲ, ವಿಜ್ಞಾನಿಗಳೇ ಅದರ ಮೇಲೆ ಜಗಳ ಆಡುತ್ತಿದ್ದಾರೆ. ಕಥೆಗಾರನಿಗೆ ಆ ಜಗಳ ಮುಗಿಯುವವರೆಗೆ ಕಾಯುವ ಹಂಗಿಲ್ಲ.

ಕಥೆಯಲ್ಲಿ ನೂಲು ಕಡಿಯುವುದು ಅಗೆತದಿಂದ. ಘಾಟಿಯ ರಸ್ತೆ ಅಗಲವಾಗುವುದು, ಪೈಪು ಹೂಳುವ ಕಾಲುವೆ, ಜೆಸಿಬಿಯಿಂದ ತೆಗೆದ ತೋಟದ ಅಗಳು. ಒಂದೊಂದೂ ಒಂದೊಂದು ಸಾಲನ್ನು ನುಂಗುತ್ತದೆ. ಕೊನೆಗೆ ಉಳಿದಿರುವುದು ಸಗಣಿ ಗುಂಡಿಯ ಟಪಾಲು. ಪೈಲೋಬೋಲಸ್ ಎಂಬ ಬೂಷ್ಟು ದನದ ಸಗಣಿಯ ಮೇಲೆ ಬೆಳೆದು, ಬೆಳಕಿನ ಕಡೆ ತಲೆ ತಿರುಗಿಸಿ, ಬೀಜಾಣುವಿನ ಗುಂಡನ್ನು ಸುಮಾರು 2 ಮೀಟರ್ ದೂರಕ್ಕೆ ಹಾರಿಸುತ್ತದೆ. ಎರಡು ಮೀಟರಿಗೊಂದು ಗುಂಡಿ ಇದ್ದರೆ ಕೊಪ್ಪ ತಲುಪಬಹುದು. ಫೋನ್ ಮಾಡುವುದು ಸುಲಭ, ಸಿಗ್ನಲ್ ಇದ್ದರೆ.

ಸತ್ತವರನ್ನ ಮಾತಾಡಿಸಬಹುದಾ?

ಹೂತವರನ್ನು ಸ್ವಲ್ಪ ಕಾಲ. ಸುಟ್ಟವರ ಬಗ್ಗೆ ನೂಲಿಗೆ ಏನೂ ಗೊತ್ತಿಲ್ಲ. ತೋಟದ ಮೂಲೆಯಲ್ಲಿ ಮಣ್ಣು ಮಾಡಿದವರು ಎರಡು ಮೂರು ಮಳೆಗಾಲ ಒಬ್ಬರಾಗಿ ಉತ್ತರ ಕೊಡುತ್ತಾರೆ, ಆಮೇಲೆ ಜಾಗವಾಗಿ ಉತ್ತರ ಕೊಡುತ್ತಾರೆ. 'ಅಜ್ಜ, ಗಡಿಕಲ್ಲು ಎಲ್ಲಿತ್ತು?' ಅಂದರೆ ಮೊದಲ ವರ್ಷ ಬೈಯುತ್ತಾನೆ, ಮೂರನೇ ವರ್ಷ ಗಡಿಯೇ ಇರಲಿಲ್ಲ ಅನ್ನುತ್ತಾನೆ.

ಕತ್ತಲಲ್ಲಿ ಹೊಳೆಯೋ ಕೊರಡು ಬರೀ ಕಲ್ಪನೆ ತಾನೆ?

ಅದೊಂದು ಅಪ್ಪಟ ನಿಜ. ಬೆಳಗುವ ಶಿಲೀಂಧ್ರಗಳು ಲೋಕದಲ್ಲಿ ನೂರಕ್ಕೂ ಹೆಚ್ಚು ಬಗೆ ಇವೆ, ಪಶ್ಚಿಮಘಟ್ಟದಲ್ಲೂ ಇವೆ. ಲೂಸಿಫೆರಿನ್ ಅನ್ನುವ ವಸ್ತು ಆಮ್ಲಜನಕದ ಜತೆ ಸೇರಿ ಹಸಿರು ಬೆಳಕು ಕೊಡುತ್ತದೆ, ಬಿಸಿ ಇಲ್ಲ. ಕರೆಂಟು ಹೋದ ಒಂದು ಜುಲೈ ರಾತ್ರಿ ಸೌದೆ ಕೊಟ್ಟಿಗೆಯಲ್ಲಿ ನೋಡಿದ್ದೆ. ಟಾರ್ಚು ಆರಿಸಿ ಕಣ್ಣು ಕತ್ತಲಿಗೆ ಪಳಗಲು ಹತ್ತು ನಿಮಿಷ ಬೇಕಾಯಿತು. ಆಮೇಲೆ ಕೊರಡಿನ ಸೀಳಿನಲ್ಲಿ ಹಾಲಿಗೆ ಹಸಿರು ಬೆರೆಸಿದಂಥ ಬೆಳಕು. ನೇರ ನೋಡಿದರೆ ಮಾಯ, ಪಕ್ಕಕ್ಕೆ ನೋಡಿದರೆ ಇದೆ. ಒಂದು ಚೂರು ಒಡೆದು ಒಳಗೆ ತಂದು ದಿಂಬಿನ ಪಕ್ಕ ಇಟ್ಟುಕೊಂಡೆ. ಬೆಳಿಗ್ಗೆ ನೋಡಿದರೆ ಒಣಗಿದ ಸೌದೆ ಚಕ್ಕೆ.

ನಾನೂ ಈ ಲೋಕದಲ್ಲಿ ಒಂದು ಕಥೆ ಬರೀಬಹುದಾ?

ಬರೆಯಿರಿ. ಏನೂ ಕೊಳೆಯದೆ ಕೆಲಸ ಆಗಬಾರದು, ಒಂದು ಮಳೆಗಿಂತ ಬೇಗ ಆಗಬಾರದು, ಸುಳ್ಳುನೂಲು ಯಾರ ಮಾತೂ ಕೇಳಬಾರದು. ಉಳಿದದ್ದು ನಿಮ್ಮಿಷ್ಟ. ನಿಮ್ಮ ಊರಿನಲ್ಲಿ ಅಣಬೆಗಳಿಗೆ ಬೇರೆ ಹೆಸರಿದ್ದರೆ ಅದನ್ನೇ ಬಳಸಿ, ನನಗೂ ಬರೆದು ಕಳಿಸಿ.

ನಿಮ್ಮಜ್ಜಿ ಕೀಳ್ತಿದ್ದ ಆ ಹುತ್ತ ನಿಜವಾಗ್ಲೂ ಎಲ್ಲಿದೆ?

ಪಕ್ಕದ ಮನೆಯವರೂ ಇದನ್ನು ಓದುತ್ತಾರೆ.